ಸ್ಟ್ರಿಂಗ್ ಥಿಯರಿಗೆ ಹಚ್ಚಿದ ಕುಂಕುಮ

ಸಬ್ಬಕ್ಕಿ ಸಂಡಿಗೆಯ ಗಂಜಿ ಮಗುಚುವಾಗ ಕೈ ನಿಲ್ಲಿಸಬಾರದು. ನಿಲ್ಲಿಸಿದರೆ ತಳ ಹಿಡಿಯುತ್ತದೆ. ಹಾಗಾಗಿ ಅಂದು ಬೆಳಿಗ್ಗೆ ಫೋನು ಬಡಿದುಕೊಂಡಾಗ ನಾನು ಒಲೆ ಬಿಟ್ಟು ಹೋಗಲಿಲ್ಲ. ಮಗಳು ಸ್ವಾತಿಯೇ ಎತ್ತಿದಳು. ದೀಪಾವಳಿ ಕಳೆದ ಮೇಲೆ ಇದ್ದ ಅವಳ ಪಿಎಚ್‌ಡಿ ಇಂಟರ್‌ವ್ಯೂವನ್ನು ದಸರೆಯ ಮಾರನೆಯ ದಿನಕ್ಕೇ ಇಟ್ಟಿದ್ದಾರಂತೆ.

"ಅಮ್ಮಾ, ನನ್ನ ಬುಕ್ಸ್ ಎಲ್ಲಿ?"

ನಾನು ಸೌಟು ಬಿಡದೆ ಗಲ್ಲದಲ್ಲೇ ದೇವರ ಮೂಲೆ ತೋರಿಸಿದೆ. ಅರ್ಧ ಗಂಟೆಯ ಹಿಂದಷ್ಟೇ ಅವಳ ಏಳು ಪುಸ್ತಕಗಳನ್ನು ಕೆಂಪು ವಸ್ತ್ರದಲ್ಲಿ ಕಟ್ಟಿ, ಮಣೆಯ ಮೇಲಿಟ್ಟು, ಅದರ ಮೇಲೆ ಶಾರದೆಯ ಪಟ ಕೂರಿಸಿ, ಆರತಿ ಎತ್ತಿ ಆಗಿತ್ತು.

ನಮ್ಮ ಉಡುಪಿ ಕಡೆಯ ಮನೆಗಳಲ್ಲಿ ನವರಾತ್ರಿಯ ಮೂಲಾ ನಕ್ಷತ್ರದ ದಿನ ಪುಸ್ತಕಗಳನ್ನು ದೇವಿಗೆ ಒಪ್ಪಿಸಿದರೆ ವಿಜಯದಶಮಿಯವರೆಗೆ ಯಾರೂ ಓದುವ ಹಾಗಿಲ್ಲ; ಊರು ಬಿಟ್ಟು ಈ ಕಲ್ಯಾಣಕ್ಕೆ ಬಂದ ಮೇಲೂ ನಾನದನ್ನು ಬಿಟ್ಟಿಲ್ಲ. ಚಿಕ್ಕವಳಿದ್ದಾಗ ನನಗೆ ಮೂವತ್ತಮೂರು ಕೋಟಿ ದೇವರಲ್ಲಿ ಈ ದೇವಿಯೇ ಹೆಚ್ಚು ಇಷ್ಟವಾಗುತ್ತಿದ್ದಳು. ವಿದ್ಯೆಗೆ ಅಧಿದೇವತೆಯಾಗಿದ್ದೂ ಓದಬೇಡ ಎನ್ನುವ ದೊಡ್ಡ ಮನಸ್ಸು ಇನ್ಯಾರಿಗುಂಟು? ನನ್ನ ಮಾರ್ಕು ನೋಡಿದರೆ ನಾನು ಆ ವ್ರತವನ್ನು ವರ್ಷಪೂರ್ತಿ ಪಾಲಿಸಿದ್ದು ಗೊತ್ತಾಗುತ್ತದೆ.

"ಯಾರ್ ಅಮ್ಮಾ, ಒಂದೇ ಬುಕ್ ಕೊಡು. ದೇವಿಗೆ ಆರು ಸಾಕಲ್ವಾ?"

"ಸ್ಥಾಪನೆ ಆದ ಮೇಲೆ ಅಡಿಯಿಂದ ಎಳೆಯುವುದಾ? ಅವಳೇನು ಇಡ್ಲಿ ಸ್ಟ್ಯಾಂಡಾ?"

"ಮತ್ತೆ ಕಂಪ್ಯೂಟರ್?"

"ಅದರೊಳಗೂ ಅಕ್ಷರವೇ ಅಲ್ವಾ?"

"ಅಪ್ಪ ಪೇಪರ್ ಓದ್ತಾ ಇದ್ದಾರೆ! ಉನ್‌ಕೋ ಸಬ್ ಮಾಫ್?"

"ಅದರಲ್ಲಿ ವಿದ್ಯೆ ಎಲ್ಲುಂಟು ಮಾರಾಯ್ತಿ!" ಎಂದೆ. ಬೇಲಾಪುರದ ಆಫೀಸಿಗೆ ರಜೆ ಹಾಕಿ ಕೂತಿದ್ದ ನಮ್ಮವರು ಪೇಪರನ್ನು ಮುಖದ ಮೇಲಕ್ಕೆ ಇನ್ನಷ್ಟು ಏರಿಸಿಕೊಂಡರು.

ಈಗ ನಗುತ್ತಾ ಬರೆಯುತ್ತಿದ್ದೇನಾದರೂ ಆಗ ನನಗೂ ನಗು ಬಂದಿರಲಿಲ್ಲ. ಹಿಂದಿನ ವರ್ಷ ಇದೇ ಇಂಟರ್‌ವ್ಯೂನಲ್ಲಿ ಬಾಯಿ ಕಟ್ಟಿ ವಾಪಸಾದವಳು ಅವಳು. ಇದೂ ತಪ್ಪಿದರೆ ಸ್ಟ್ರಿಂಗ್ ಥಿಯರಿಗೆ ಕೈ ಮುಗಿದು ಇಲ್ಲೇ ಕಲ್ಯಾಣದ ಕೋಚಿಂಗ್ ಕ್ಲಾಸಿನಲ್ಲಿ ಪಾಠ ಹೇಳಲು ಸೇರುವುದೆಂದು ತೀರ್ಮಾನಿಸಿದ್ದಳು. ಮಗಳ ಭವಿಷ್ಯ ಒಂದು ಕಡೆ, ದೇವಿ ಇನ್ನೊಂದು ಕಡೆ. ನಡುವೆ ಸಬ್ಬಕ್ಕಿ ಗಂಜಿ.

ಆ ಏಳು ಪುಸ್ತಕಗಳೂ ಬೇಕೆಂದಾಗ ಸಿಕ್ಕುವಂಥವಲ್ಲ. ಅವಳ ಪ್ರೊಫೆಸರು 'ಓದಬೇಕಾದವು' ಎಂದು ಬರೆದುಕೊಟ್ಟ ಪಟ್ಟಿಯನ್ನು ನಾವು ಫ್ರಿಜ್ಜಿನ ಬಾಗಿಲಿಗೆ ಅಂಟಿಸಿದ್ದೆವು. ಹಾಲು ತೆಗೆಯುವಾಗೆಲ್ಲ ನಾನದನ್ನು ಓದಿದ್ದೇನೆ. ಮೊದಲನೆಯ ಪುಸ್ತಕ ಓದುವ ಮುಂಚೆ ಮೂರನೆಯದು ತಿಳಿದಿರಬೇಕಂತೆ. ಮೂರನೆಯದು ಜ್ಯಾಮಿತಿ, ಅದಕ್ಕೆ ಐದನೆಯದು ಬೇಕು. ಐದನೆಯದರ ಮುಂದೆ, 'ಮೊದಲನೆಯದನ್ನು ಓದಿದವರಿಗೆ ಸುಲಭ' ಎಂದು ಬರೆದಿತ್ತು. ನನಗೇನೂ ಆಶ್ಚರ್ಯವಾಗಲಿಲ್ಲ. ನಮ್ಮ ಅತ್ತೆ ಅಡುಗೆ ಹೇಳಿಕೊಡುತ್ತಿದ್ದುದೂ ಹೀಗೆಯೇ. ಒಗ್ಗರಣೆಯವರೆಗೆ ಬಂದು, "ನಿನ್ನೆಯೇ ನೆನೆಸಿದ ಬೇಳೆ ಇದೆಯಲ್ಲ, ಅದನ್ನು ಹಾಕು" ಎನ್ನುತ್ತಿದ್ದರು.

ಮಧ್ಯಾಹ್ನದವರೆಗೆ ಸ್ವಾತಿ ಮುಖ ಊದಿಸಿಕೊಂಡಿದ್ದಳು. ಒಲೆಯ ಮುಂದೆ ಬೆವೆತು ಹೋಗಿದ್ದ ನಾನು ಇನ್ನೊಮ್ಮೆ ಸ್ನಾನ ಮಾಡಿ ಬರುವಷ್ಟರಲ್ಲಿ ಏನಾಯಿತೋ, ಶಾಂತವಾಗಿಬಿಟ್ಟಿದ್ದಳು. "ಅಮ್ಮಾ, ಸಂಡಿಗೆಗೆ ಕಾಗೆ ಬರ್ತದಲ್ವಾ? ನಾನು ಟೆರೇಸಿನಲ್ಲಿ ಕೂತ್ಕೊಳ್ತೇನೆ" ಎಂದಳು. ಇಪ್ಪತ್ತಮೂರು ವರ್ಷದಲ್ಲಿ ಸಂಡಿಗೆ ತಿಂದದ್ದು ಬಿಟ್ಟು ಅದಕ್ಕಾಗಿ ಒಂದು ಕಡ್ಡಿ ಎತ್ತಿಡದ ಹುಡುಗಿ! ದಿನಕ್ಕೆ ಮೂರಾದರೂ ಕೃಪೆಗಳನ್ನು ಎಣಿಸಿ ಮಲಗುವುದು ನನ್ನ ಅಭ್ಯಾಸ. ಅಂದಿನ ಎಣಿಕೆ: ನಳ್ಳಿಯಲ್ಲಿ ನೀರು ಪೂರಾ ಬಂತು, ಹಬ್ಬಕ್ಕೆ ಸರಿಯಾಗಿ ಗ್ಯಾಸ್ ಸಿಲಿಂಡರ್ ಬಂತು, ಮಗಳಿಗೆ ಬುದ್ಧಿ ಬಂತು.

ಅಕ್ಟೋಬರಿನ ಆ ಸುಡುಬಿಸಿಲಲ್ಲಿ ಅವಳು ನೀರಿನ ಟಾಕಿಯ ನೆರಳಲ್ಲಿ ಕೂತು ಎರಡು ದಿನ ಕಾಗೆ ಕಾದಳು. ನಮ್ಮವರು ಗಳಿಗೆಗೊಮ್ಮೆ ಮಜ್ಜಿಗೆ ಹೊತ್ತು ಮೇಲೆ ಹೋಗಿ ಬರುತ್ತಿದ್ದರು. ಅದನ್ನೂ ಕೃಪೆಗೆ ಸೇರಿಸಿದೆ.

ಮಹಾನವಮಿಯ ದಿನ ನಾನು ನೈವೇದ್ಯಕ್ಕೆ ಉದ್ದಿನ ವಡೆ ತಟ್ಟುತ್ತಿದ್ದಾಗ ಅವಳೇ ಬಂದು ನಿಂತಳು. "ಅಮ್ಮಾ, ಈ ವಡೆ ಇದೆಯಲ್ವಾ, ಇದು ಹಿಡಿಕೆ ಇರುವ ಚಾ ಕಪ್ಪಿನ ಜಾತಿ. ತೂತು ಒಂದೇ. ಹರಿಯದೆ, ಅಂಟಿಸದೆ ಒಂದನ್ನು ಇನ್ನೊಂದು ಮಾಡ್ಬಹುದು. ಇಡ್ಲಿ ಬೇರೆ ಜಾತಿ, ಅದು ನಮ್ಮ ಸ್ಟೀಲ್ ಲೋಟದ್ದು."

"ಚಕ್ಕುಲಿ?"

ಅವಳು ಯೋಚಿಸಿದಳು. "ಸುತ್ತು ಸುತ್ತಿಗೆ ಅಂಟಿಕೊಂಡಿದ್ಯಾ?"

"ನಾನು ಮಾಡಿದ್ದು ಅಂಟುವುದಿಲ್ಲ."

"ಹಾಗಾದ್ರೆ ಅದು ಇಡ್ಲಿ."

ಮೂರು ಗಂಟೆ ಕಷ್ಟಪಟ್ಟು ಮಾಡುವ ಚಕ್ಕುಲಿಯನ್ನು ಇಡ್ಲಿ ಎಂದವಳನ್ನು ಹಬ್ಬದ ದಿನವೆಂದು ಕ್ಷಮಿಸಿದೆ. ಮುಂದೆ ಅವಳು ಹೇಳಿದ್ದು ಇನ್ನೂ ವಿಚಿತ್ರ. ಲೋಕದಲ್ಲಿ ಇರುವುದೆಲ್ಲ ಬಹಳ ಸಣ್ಣ ತಂತಿಗಳ ಕಂಪನವಂತೆ; ಒಂದೊಂದು ಬಗೆಯಲ್ಲಿ ಮಿಡಿದರೆ ಒಂದೊಂದು ಕಣ. ನಾನು ಶಾರದೆಯ ಪಟ ನೋಡಿದೆ. "ಅವಳ ಕೈಯಲ್ಲಿ ವೀಣೆ ಮತ್ತೆ ಎಂತಕ್ಕೆ ಉಂಟು? ಇದಕ್ಕೆ ಏಳು ಪುಸ್ತಕ ಬೇಕಾಯ್ತಾ?"

ಆಯಾಮಗಳು ಹತ್ತು, ನಮಗೆ ಕಾಣದವು ಸುರುಳಿ ಸುತ್ತಿಕೊಂಡು ಒಳಗೇ ಅಡಗಿವೆ ಎಂದಾಗಲೂ ನಾನು ಬೆಚ್ಚಲಿಲ್ಲ. ಬೆಳಗಿನ ಲೋಕಲ್ ರೈಲಿನ ಲೇಡೀಸ್ ಡಬ್ಬಿಯಲ್ಲಿ ಡೊಂಬಿವಲಿಗೇ ಸೂಜಿ ಹೋಗಲು ಜಾಗವಿರುವುದಿಲ್ಲ. ದಿವಾದಲ್ಲಿ ಇಪ್ಪತ್ತು ಜನ ಹತ್ತುತ್ತಾರೆ, ಮುಂಬ್ರಾದಲ್ಲಿ ಮತ್ತೆ ಇಪ್ಪತ್ತು, ಅವರ ಮಧ್ಯೆ ಕ್ಲಿಪ್ಪು ಮಾರುವವಳೂ ಬರುತ್ತಾಳೆ. ಇವರೆಲ್ಲ ಮೂರೇ ಆಯಾಮದಲ್ಲಿ ನಿಲ್ಲುತ್ತಾರೆಂದು ಯಾರಾದರೂ ಹೇಳಿದರೆ ನಾನು ನಂಬುವುದಿಲ್ಲ.

"ಏಕ್‌ದಮ್ ಸಹೀ, ಅಮ್ಮಾ!" ಎಂದು ಅವಳು ನನ್ನ ಕೆನ್ನೆ ಹಿಂಡಿದಳು. ಪುಸ್ತಕ ಮುಟ್ಟದೆ ಈ ನಮೂನೆ ಮಾತಾಡುತ್ತಾಳಲ್ಲ, ದೇವಿ ನಾಲಗೆಯ ಮೇಲೆ ಕೂತಿದ್ದಾಳೆ ಎಂದು ನನ್ನ ಕಣ್ಣು ಒದ್ದೆಯಾಯಿತು.

ವಿಜಯದಶಮಿಯ ಬೆಳಿಗ್ಗೆ ಮಿಂದು ಬಂದು ಕೆಂಪು ಗಂಟು ಬಿಚ್ಚಿದೆ. ಎಲ್ಲಕ್ಕಿಂತ ಮೇಲೆ ರೈಲ್ವೆ ಟೈಮ್‌ಟೇಬಲ್. ಅದರ ಕೆಳಗೆ ಮಿಕ್ಸರಿನ ಜೊತೆ ಬಂದ ಪುಸ್ತಕ, ಸೊಸೈಟಿ ಮೀಟಿಂಗಿನ ಫೈಲು, ಎರಡು ಹಳೆಯ ಟೆಲಿಫೋನ್ ಡೈರೆಕ್ಟರಿ.

ಹಿಂದೆ ನಮ್ಮವರು ಕೆಮ್ಮಿದರು. "ಭಾರ ಸರಿ ಬರಬೇಕಿತ್ತಲ್ಲ ಮಾರಾಯ್ತಿ. ಆ ದಪ್ಪದ್ದಕ್ಕೆ ಒಂದು ಡೈರೆಕ್ಟರಿ ಸಾಕಾಗಲಿಲ್ಲ."

"ನಾನು ಸ್ನಾನಕ್ಕೆ ಹೋದಾಗಲಾ?"

"ದೇವಿಯನ್ನು ಕೇಳಿಯೇ ತೆಗೆದದ್ದು" ಎಂದರು.

"ಎಂತ ಹೇಳಿದಳು?"

"ಬೇಡ ಅನ್ನಲಿಲ್ಲ."

ಸ್ವಾತಿ ಬಾಗಿಲ ಹಿಂದಿನಿಂದ ಏಳೂ ಪುಸ್ತಕಗಳನ್ನು ಎದೆಗವಚಿ ಬಂದು ನಿಂತಳು. ಜ್ಯಾಮಿತಿಯ ಪುಸ್ತಕದೊಳಗಿಂದ ಒಂದು ಸಂಡಿಗೆ ಇಣುಕುತ್ತಿತ್ತು. ಓದು ನಿಲ್ಲಿಸಿದ ಪುಟಕ್ಕೆ ಗುರುತು! ನನಗೆ ಸಿಟ್ಟು ಬಂದದ್ದು ನಿಜ. ಆದರೆ ಇಂಟರ್‌ವ್ಯೂ ಮಾರನೆಯ ದಿನವೇ. ಬೈದರೆ ನಾಳೆ ಮತ್ತೆ ಬಾಯಿ ಕಟ್ಟೀತು ಎನಿಸಿ, ಇಬ್ಬರಿಂದಲೂ ತಪ್ಪುಕಾಣಿಕೆ ಇಡಿಸಿ ನಮಸ್ಕಾರ ಮಾಡಿಸಿದೆ.

ಸಮಸ್ಯೆ ಅಲ್ಲಿಗೆ ಮುಗಿಯಲಿಲ್ಲ. ಪೂಜೆಗೊಂಡ ಪುಸ್ತಕದಿಂದಲೇ ದಶಮಿಯಂದು ಮನೆಯವರೆಲ್ಲ ನಾಲ್ಕು ಸಾಲು ಓದಬೇಕು. ಪೂಜೆಗೊಂಡದ್ದು ಯಾವುದು? ಮೂವರೂ ಮಣೆಯ ಮುಂದೆ ಚಕ್ಕಳ ಮಕ್ಕಳ ಹಾಕಿ ಕೂತೆವು. ನಮ್ಮವರು ಸಹಸ್ರನಾಮದ ಧಾಟಿಯಲ್ಲಿ ಶುರುಮಾಡಿದರು: "ಕಲ್ಯಾಣ, ಠಾಕುರ್ಲಿ, ಡೊಂಬಿವಲಿ, ಕೋಪರ್..." "ದಿವಾ, ಮುಂಬ್ರಾ, ಕಳವಾ" ಎಂದು ಸ್ವಾತಿ ಮುಂದುವರಿಸಿದಳು. "ಠಾಣೆ" ಎಂದು ನಾನು ಮಂಗಳ ಹಾಡಿದೆ.

ಮಾರನೆಯ ಬೆಳಿಗ್ಗೆ ಅವಳನ್ನು ಬಿಡಲು ಪ್ಲಾಟ್‌ಫಾರ್ಮಿಗೆ ಹೋದೆ. ಏಳು ಐವತ್ತೆರಡರ ಲೋಕಲ್ ಏಳು ಐವತ್ತೆರಡಕ್ಕೇ ಬಂತು. ಪಕ್ಕದಲ್ಲಿದ್ದ ಹೆಂಗಸು ತನ್ನ ಗಡಿಯಾರವನ್ನು ಕಿವಿಗಿಟ್ಟು ನೋಡಿದಳು. ಸ್ವಾತಿಗೆ ಕೂರಲು ಸೀಟೂ ಸಿಕ್ಕಿತು, ಅದೂ ಕಿಟಕಿಯದು. ನಾನು ಅಲ್ಲೇ ಕೈ ಮುಗಿದೆ. ಮೂರು ದಿನ ಯಾವುದಕ್ಕೆ ಕುಂಕುಮ ಹಚ್ಚಿದ್ದೆನೋ ದೇವಿ ಅದನ್ನೇ ಸರಿಮಾಡಿಕೊಟ್ಟಿದ್ದಳು.

ಸಂಜೆ ಫೋನು ಬಂದಾಗ ಸಂಡಿಗೆಗೆ ಎಣ್ಣೆ ಕಾಯಿಸಲು ಇಟ್ಟಿದ್ದೆ. ಈ ಸಲ ನಾನೇ ಓಡಿ ಎತ್ತಿದೆ.

"ಅಮ್ಮಾ, ಎರಡು ಪ್ರಶ್ನೆ ಬರ್ಲಿಲ್ಲ. ಆದ್ರೂ ತಗೊಂಡ್ರು!"

ಕಣ್ಣೊರಸಿಕೊಂಡು ಫ್ರಿಜ್ಜಿನ ಹತ್ತಿರ ಬಂದೆ. ಪ್ರೊಫೆಸರರ ಪಟ್ಟಿಯ ಕೊನೆಗೆ ಪೆನ್ಸಿಲಿನಲ್ಲಿ ಎಂಟನೆಯದನ್ನು ಸೇರಿಸಿದೆ: 'ರೈಲ್ವೆ ಟೈಮ್‌ಟೇಬಲ್. ಮೊದಲು ಇದನ್ನು ಓದಿ.' ಅಷ್ಟರಲ್ಲಿ ಎಣ್ಣೆ ಹೊಗೆಯಾಡಿತು. ಉರಿ ಸಣ್ಣ ಮಾಡಿ ಸಂಡಿಗೆ ಕರಿಯಲು ನಿಂತೆ.