ಕತ್ತರಿ ತೆರೆದ ಬಾಗಿಲು

ಮದುವೆ ವಿಡಿಯೊಗಳನ್ನು ಕತ್ತರಿಸಿ ಜೋಡಿಸುವುದು ಅವನ ಹೊಟ್ಟೆಪಾಡು. ಹಾಗಾಗಿ ಬೀದಿಗೆಲ್ಲ ಅವನು ‘ಕತ್ತರಿ’. ಹುಚ್ಚು ಮಾತ್ರ ಬೇರೆಯೇ: ಕಂಡಕಂಡವರ ಕೆಟ್ಟ ಕನಸು ಕೇಳಿ ಐದೈದು ನಿಮಿಷದ ಚಿತ್ರ ಮಾಡುವುದು. ತಲೆಬುಡವಿಲ್ಲದ ಚಿತ್ರಗಳು! ಗೋಡೆ ಉಸಿರಾಡುತ್ತದೆ, ಮೆಟ್ಟಿಲು ಮುಗಿಯುವುದೇ ಇಲ್ಲ. ನೋಡಿದವರು ಆಕಳಿಸುತ್ತಿದ್ದರು. ಆದರೆ ಕನಸು ಹೇಳಿದವರು, “ಹಗಲಲ್ಲಿ ನೋಡ್ಬಿಟ್ಟೆ ನೋಡಪ್ಪ, ಅದು ಮತ್ತೆ ಬರ್ಲೇ ಇಲ್ಲ” ಎನ್ನುತ್ತಿದ್ದರು. ಆ ಮಾತು ಅವನ ತಲೆಗೇರಿತ್ತು.

ಮನೆಯಲ್ಲೂ ಒಂದು ಕನಸಿತ್ತು. ಆರು ವರ್ಷದ ಹಿಂದೆ ಅವನ ಅಣ್ಣ ಬಚ್ಚಲುಮನೆಯಲ್ಲಿ ಉಬ್ಬಸ ಹೆಚ್ಚಾಗಿ ಸತ್ತಿದ್ದ. ಒಳಗಿನ ಚಿಲಕ ಬಿಗಿದುಕೊಂಡಿತ್ತು. ಹೊರಗೆ ಅಮ್ಮ ಒಬ್ಬಳೇ. ಅಂದಿನಿಂದ ಅವಳ ಕನಸಿನಲ್ಲಿ ಅಣ್ಣ ಒಳಗಿನಿಂದ ಬಾಗಿಲು ಬಡಿಯುತ್ತಾನೆ. ಮೂರು ಬಡಿತ, ಕೊಂಚ ತಡೆದು ಇನ್ನೊಂದು, ಬದುಕಿದ್ದಾಗ ಮನೆಗೆ ಬಂದು ಬಡಿಯುತ್ತಿದ್ದ ಹಾಗೆಯೇ. ಅಮ್ಮ ಎಷ್ಟು ತಳ್ಳಿದರೂ ಬಾಗಿಲು ತೆರೆಯದು, ಕಿರುಚಿ ಏಳುತ್ತಾಳೆ. ಊಟ ಸೇರದೆ, ನಿದ್ದೆ ಹತ್ತದೆ ಕಡ್ಡಿಯಾಗಿದ್ದಳು. ಇವಳೂ ಕೈತಪ್ಪಿದರೆ ತನಗಿನ್ಯಾರು ಎಂದು ಕತ್ತರಿಗೆ ಹೆದರಿಕೆ.

ಆ ಬಾಗಿಲನ್ನೇ ಚಿತ್ರ ಮಾಡಿದ. ಬಡಿತದ ಸದ್ದಿಗಾಗಿ ಹಲಗೆ, ಪೆಟ್ಟಿಗೆ, ಮೇಜು ಎಲ್ಲ ಬಡಿದು ನೋಡಿದ. ಕೊನೆಗೆ ಅದೇ ಬಚ್ಚಲ ಬಾಗಿಲಿಗೆ ಮೈಕು ಅಂಟಿಸಿ, ಬೆರಳಿನ ಗೆಣ್ಣು ಸುಲಿಯುವವರೆಗೆ ಬಡಿದ. ಆಮೇಲೊಂದು ಜಾಣತನ ಮಾಡಿದ, ಹಾಳು ಜಾಣತನ! ಕನಸಿನಲ್ಲಿಲ್ಲದ ಒಂದು ಶಾಟು ಸೇರಿಸಿದ: ಬಾಗಿಲು ತೆರೆಯುತ್ತದೆ. ಒಳಗೆ ಬಿಸಿಲು, ಒಣಗಿದ ಬಕೆಟ್ಟು. ಯಾರೂ ಇಲ್ಲ.

ಭಾನುವಾರ ಮಧ್ಯಾಹ್ನ ಕಿಟಕಿಗೆ ಕಂಬಳಿ ಕಟ್ಟಿ ತೋರಿಸಿದ. ಅಮ್ಮ ಕೊನೆಯವರೆಗೂ ನೋಡಿ ಎದ್ದುಹೋದಳು.

ಆ ವಾರವಿಡೀ ಅವಳು ಕಿರುಚಲಿಲ್ಲ. ಕತ್ತರಿ ಹಿಗ್ಗಿ ಹೀರೇಕಾಯಿಯಾದ. ಎಂಟನೆಯ ದಿನ ಬೆಳಿಗ್ಗೆ ನೋಡಿದರೆ, ಅಮ್ಮ ಬಚ್ಚಲ ಬಾಗಿಲಿಗೆ ಕಿವಿಯಾನಿಸಿ ಕೂತಿದ್ದಾಳೆ.

“ಏನಮ್ಮಾ ಇದು? ನಿದ್ದೆ ಬರ್ತಿದೆ ತಾನೆ?”

“ನಿದ್ದೆಗೇನು ಕಣೋ, ಬರತ್ತೆ. ಅವ್ನು ಬರ್ತಿಲ್ಲ.” ಅವಳು ಬಾಗಿಲಿನಿಂದ ಕಿವಿ ತೆಗೆಯಲಿಲ್ಲ. “ಕೆಟ್ಟ ಕನಸೇ ಆಗ್ಲಿ, ಬಾಗಿಲ ಆ ಕಡೆ ನನ್ನ ಮಗ ಇದ್ದ. ನೀನು ತೆಗೆದು, ಯಾರೂ ಇಲ್ಲ ಅಂತ ತೋರಿಸ್ಬಿಟ್ಯಲ್ಲೋ!”

ಕತ್ತರಿ ಓಡಿಹೋಗಿ ಆ ಶಾಟು ಕಿತ್ತೆಸೆದ. ಬಾಗಿಲು ತೆರೆಯುವ ಮುಂಚಿನ ಬಡಿತವನ್ನಷ್ಟೇ ಉಳಿಸಿ, ಅಮ್ಮನ ಪಕ್ಕ ಕೂತು ಕೇಳಿಸಿದ. ಮೂರು, ಕೊಂಚ ತಡೆದು ಇನ್ನೊಂದು.

ಅಮ್ಮ ಕಣ್ಣು ಮುಚ್ಚಿ ಕೇಳಿದಳು. ಆಮೇಲೆ ಅವನ ಕೈ ಎಳೆದುಕೊಂಡು, ಇನ್ನೂ ಮಾಯದ ಗೆಣ್ಣುಗಳನ್ನು ಸವರಿದಳು.

“ಇದು ನಿನ್ನ ಕೈ ಕಣೋ,” ಎಂದಳು. “ಅವ್ನದಲ್ಲ.”