ನಟಿಗೆ ಕೇಳಿಸಿದ ದನಿ

ಹಿಯರಿಂಗ್ ಏಡ್ ಕೂರಿಸಿದ ಮೇಲೆ ಪರಿಚಿತ ದನಿಯೊಂದನ್ನು ಕೇಳಿಸಿ ಅದನ್ನು ಸರಿಹೊಂದಿಸುವುದು ನಮ್ಮ ಪದ್ಧತಿ. ಸಾಮಾನ್ಯವಾಗಿ ಗಂಡನದೋ ಮಗಳದೋ ದನಿ. ವುಡ್‌ಲ್ಯಾಂಡ್ ಹಿಲ್ಸ್‌ನ ನಮ್ಮ ಕ್ಲಿನಿಕ್ಕಿಗೆ ಬಂದ ಆ ಅಜ್ಜಿಯ ಜೊತೆ ಯಾರೂ ಇರಲಿಲ್ಲ. ಸೋವಿಯತ್ ಕಾಲದ ಹೆಸರಾಂತ ಸಿನಿಮಾ ನಟಿಯಂತೆ. ಜಾಣತನ ತೋರಿಸಲು ಹೋಗಿ, ಅವರದೇ ಹಳೆಯ ಸಿನಿಮಾ ಒಂದನ್ನು ಫೋನಿನಲ್ಲಿ ಹುಡುಕಿ ಹಾಕಿದೆ.

ಅಜ್ಜಿ ಕಣ್ಣು ಮುಚ್ಚಿ ಕೇಳಿಸಿಕೊಂಡು, ಇಂಗ್ಲಿಷಿನಲ್ಲಿ ಅಂದರು: "ಸ್ಪಷ್ಟವಾಗಿದೆ. ಆದರೆ ಇದು ನನ್ನ ದನಿಯಲ್ಲ. ನನ್ನದು ಬಂದರಿನ ಕಡೆಯ ಮಾತು, ನಾಯಕಿಗೆ ಒಪ್ಪಲ್ಲ ಅಂತ ಬೇರೆಯವಳಿಂದ ಡಬ್ ಮಾಡಿಸಿದರು. ಕೊನೇ ಸಿನಿಮಾದವರೆಗೂ ಅವಳೇ. ಬೀದಿಯಲ್ಲಿ ಜನ ಮಾತಾಡಿಸಿದರೆ ಸುಮ್ಮನೆ ನಗ್ತಿದ್ದೆ. ಬಾಯಿ ಬಿಟ್ಟರೆ ಅವರ ಮುಖ ಸಪ್ಪಗಾಗ್ತಿತ್ತು."

ನಾನು ಸಿನಿಮಾ ನಿಲ್ಲಿಸಿದೆ. ಅವರೇ, "ನೀನು ಮಾತಾಡು, ನಿನ್ನ ಭಾಷೆಯಲ್ಲಿ" ಅಂದರು.

"ಚೆನ್ನಾಗಿದ್ದೀರಾ? ತಿಂಡಿ ಆಯ್ತಾ?" ಅಂದೆ.

ಅಜ್ಜಿ ನನ್ನ ಮುಖವನ್ನೇ ನೋಡಿದರು. "ಇದು ಕ್ಯಾಮೆರಾ ಮುಂದಿನ ಮಾತು. ನಿಮ್ಮಮ್ಮನ ಹತ್ತಿರ ಹೀಗೇ ಮಾತಾಡ್ತೀಯಾ?"

ಇಲ್ಲ. ನಾನು ಧಾರವಾಡದವಳು. ಈ ಪರದೇಶದಲ್ಲಿ ನೆಲೆಸಿದ ಕನ್ನಡದವರ ಪಾಟ್‌ಲಕ್ ಊಟಗಳಲ್ಲಿ ನನ್ನ ಮಾತಿಗೆ ಎಲ್ಲರೂ ನಕ್ಕ ಮೇಲೆ ಬೆಂಗಳೂರಿನ ಕನ್ನಡ ಕಲಿತುಬಿಟ್ಟಿದ್ದೆ.

"ಆರಾಮ ಅದೀರೇನ್ರಿ? ನಾಷ್ಟಾ ಆತೇನ್ರಿ?" ಅಂದೆ.

"ಈಗ ಸರಿಯಾಗಿ ಕೇಳಿಸ್ತು" ಅಂದರು.

ನಾನು ಮೆಷಿನ್ನನ್ನು ಮುಟ್ಟಿಯೇ ಇರಲಿಲ್ಲ. ಫಾರ್ಮಿನಲ್ಲಿ 'ದನಿ ಯಾರದು' ಎಂಬಲ್ಲಿ ನನ್ನ ಹೆಸರು ಬರೆದೆ. ಪಕ್ಕದ 'ಸಂಬಂಧ' ಎಂಬಲ್ಲಿ ನಾನು ತಡವರಿಸುತ್ತಿದ್ದಾಗ ಅಜ್ಜಿ ಪೆನ್ನು ಇಸಿದುಕೊಂಡು ತಾವೇ ತುಂಬಿದರು: ಸಹನಟಿ.