ಖಾಲಿ ಬಂದ ಡಬ್ಬಿ

ಅಂಗಡಿಯಿಂದ ತಂದ ನಿಂಬೆಹಣ್ಣು ಕೊಯ್ದೆ. ವಾಸನೆ ಮೂಗಿಗೆ ಬಡಿದದ್ದೇ ತಡ, ಮೈಯೆಲ್ಲ ಉರಿದುಹೋಯಿತು. ಬೇಲಿಯಾಚೆಯ ಮರದಲ್ಲಿ ಹಣ್ಣು ಜೋತಾಡುತ್ತಿರುವಾಗ ನಾನು ಕೊಂಡು ತರುವ ಹಾಗಾಯಿತಲ್ಲ!

ಆ ಮರ ಕರ್ಟಿಸ್ ಅವರದು. ಅಮೆರಿಕದ ಯೂನಿಯನ್ ಸಿಟಿಯ ಈ ಮನೆಗೆ ಬಂದಾಗಿನಿಂದ ನಮ್ಮ ನೆರೆಯವರು. ಕಪ್ಪುವರ್ಣೀಯರು, ನನ್ನ ಮಗಳಿಗೆ ಈಜು ಕಲಿಸಿದವರು. ಮೊದಲ ಸಲ ಬಿರಿಯಾನಿ ಕೊಟ್ಟಾಗ, ನಮ್ಮ ಮೈಸೂರಿನ ಕಡೆ ಡಬ್ಬಿಯನ್ನು ಖಾಲಿ ಹಿಂದಿರುಗಿಸುವುದಿಲ್ಲ ಎಂದು ದೊಡ್ಡದಾಗಿ ಉಪದೇಶ ಮಾಡಿದ್ದೆ. ಅಂದಿನಿಂದ ನನ್ನ ಸ್ಟೀಲ್ ಡಬ್ಬಿ ಪ್ರತಿ ಸಲವೂ ನಿಂಬೆಹಣ್ಣು ತುಂಬಿಕೊಂಡೇ ಬರುತ್ತಿತ್ತು.

ಹೋದ ಚಳಿಗಾಲದ ಒಂದು ಮಧ್ಯಾಹ್ನ ಆಫೀಸಿನಲ್ಲಿದ್ದೆ. ಬಾಗಿಲ ಕ್ಯಾಮೆರಾ ಫೋನಿಗೆ ವಿಡಿಯೋ ಕಳಿಸಿತು: ತಲೆ ಮುಚ್ಚುವ ಹುಡ್ ಹಾಕಿದ ಕಪ್ಪು ಗಂಡಸು, ಕೈಯಲ್ಲಿ ಏನೋ ಹೊಳೆಯುತ್ತಿದೆ. ವಾರವಿಡೀ ಟಿವಿಯವರು ಯಾವುದೋ ಅಂಗಡಿ ಕಳ್ಳತನದ ತುಣುಕನ್ನು ಮತ್ತೆ ಮತ್ತೆ ತೋರಿಸಿದ್ದರು. ಅದರಲ್ಲೂ ಹುಡ್, ಅದರಲ್ಲೂ ಕಪ್ಪು ಮುಖ. ಯೋಚಿಸಲೇ ಇಲ್ಲ ನೋಡಿ, ಬೀದಿಯ ಕನ್ನಡದವರ ವಾಟ್ಸಾಪ್ ಗುಂಪಿಗೆ ಹಾಕಿಬಿಟ್ಟೆ: "ಯಾರೋ ನಮ್ಮನೆ ಬಾಗಿಲಲ್ಲಿದ್ದಾನೆ. ಹುಷಾರು." ಎದುರು ಮನೆಯ ಸುಮಾ ಪೊಲೀಸರಿಗೆ ಫೋನು ಮಾಡಿದಳು.

ನಾನು ಓಡಿ ಬರುವಷ್ಟರಲ್ಲಿ ಕರ್ಟಿಸ್ ಅವರನ್ನು ರಸ್ತೆಯಂಚಿನಲ್ಲಿ ಕೂರಿಸಿದ್ದರು, ಕೈಗೆ ಕೋಳ. ಹುಲ್ಲಿನ ಮೇಲೆ ನನ್ನ ಡಬ್ಬಿ, ಸುತ್ತ ನಿಂಬೆಹಣ್ಣು. ನಾನು ಹೇಳಿದ ಮೇಲೆ ಕೋಳ ಬಿಚ್ಚಿದರು. "ನಾನು ಯಾರೆಂದು ನಿಮಗೆ ಗೊತ್ತಿತ್ತಲ್ಲ?" ಎಂದಷ್ಟೇ ಇಂಗ್ಲಿಷಿನಲ್ಲಿ ಕೇಳಿ ಕರ್ಟಿಸ್ ಒಳಗೆ ಹೋದರು. ನಾನು ಬಗ್ಗಿ ಚೆಲ್ಲಿದ ಹಣ್ಣುಗಳನ್ನು ಡಬ್ಬಿಗೆ ಆರಿಸಿಕೊಂಡೆ.

ಸಂಜೆ ಅದೇ ವಿಡಿಯೋ ನೋಡಿದ ಮಗಳು, "ಅಮ್ಮಿ, ದಟ್ಸ್ ಅಂಕಲ್ ಕರ್ಟಿಸ್!" ಎಂದಳು. ಒಂದೇ ಕ್ಷಣಕ್ಕೆ!

"ಬಿಡ್ರೀ, ಟಿವೀಲಿ ದಿನಾ ನೋಡ್ತಿಲ್ವಾ? ಹುಷಾರಾಗಿರೋದ್ರಲ್ಲಿ ತಪ್ಪೇನು?" ಎಂದಳು ಸುಮಾ ಫೋನಿನಲ್ಲಿ.

"ಅದೇ ಟಿವೀಲಿ ನಮ್ಮಂಥೋರನ್ನ ಹೇಗೆ ತೋರಿಸ್ತಾರೆ ಅಂತ ನಂಗೊತ್ತಿಲ್ವೇನ್ರೀ?" ಎಂದು ರೇಗಿದೆ.

ರೇಗಬೇಕಾದದ್ದು ಯಾರ ಮೇಲೆ, ನೀವೇ ಹೇಳಿ. ಏರ್‌ಪೋರ್ಟಿನಲ್ಲಿ ನನ್ನ ಹಿಜಾಬು ಕಂಡು ಪಕ್ಕಕ್ಕೆ ಕರೆದಾಗಲೆಲ್ಲ ಆ ಟಿವಿಗೆ ಹಿಡಿಶಾಪ ಹಾಕಿದವಳು ನಾನೇ. ಅದು ತೋರಿಸಿದ್ದನ್ನು ನಂಬಿ ಪಕ್ಕದ ಮನೆಯವರನ್ನು ಕಳ್ಳ ಅಂದುಕೊಂಡವಳೂ ನಾನೇ. ಥೂ!

ಮರುದಿನ ಬಿರಿಯಾನಿ ಕೊಟ್ಟೆ. ಸುಮ್ಮನೆ ತೆಗೆದುಕೊಂಡರು. ಎರಡು ದಿನದ ಮೇಲೆ ಡಬ್ಬಿ ಬಂತು. ಬಾಗಿಲಲ್ಲಿ ಅಲ್ಲ, ಹೊರಗೆ ಫುಟ್‌ಪಾತಿನ ಮೇಲೆ, ಕ್ಯಾಮೆರಾಕ್ಕೆ ಕಾಣದ ಜಾಗದಲ್ಲಿ. ತೊಳೆದು ಒರೆಸಿ ಇಟ್ಟಿದ್ದರು. ಖಾಲಿ.

ಕೊಯ್ದ ಹಣ್ಣನ್ನು ಹಾಗೇ ಬಿಟ್ಟು ಈಗಷ್ಟೇ ಕ್ಯಾಮೆರಾ ಕಿತ್ತುಹಾಕಿದೆ. ಗುಂಪಿಗೂ ಬರೆದೆ: "ಅವತ್ತು ಬಂದಿದ್ದು ಕರ್ಟಿಸ್. ನನ್ನ ಡಬ್ಬಿ ಕೊಡೋಕೆ. ತಪ್ಪು ನಂದು." ಇನ್ನು ಅವರ ಮನೆಗೆ ಹೊರಟಿದ್ದೇನೆ, ಬರಿಗೈಯಲ್ಲಿ. ಅವತ್ತು ಕ್ಷಮೆ ಕೇಳುವ ಬದಲು ಬಿರಿಯಾನಿ ಕೊಟ್ಟು ಬಂದಿದ್ದೆ. ಇವತ್ತು ಬಾಯಿಬಿಟ್ಟು ಕೇಳುತ್ತೇನೆ. ಬಾಗಿಲು ತೆಗೆಯದಿದ್ದರೆ ಅದು ಅವರ ಹಕ್ಕು.